ಗಂಭೀರಪ್ಪ ಬಿಟ್ಟ ಜಾಗ

ಅಯ್ಯೋ, ಹಾಗಲ್ಲ ಪುಟ್ಟಿ, ಮೊದಲು ಬರೆದದ್ದನ್ನ ಹೊಡೆದು ಹಾಕು. 'ಪ್ರಸಿದ್ಧ ನಿರೂಪಕರು' ಅಂತೆಲ್ಲ ಬರೀಬೇಡ, ಅವನೇ ಓದಿದ್ರೂ ಇದು ಇನ್ಯಾರದೋ ಕಥೆ ಅಂದ್ಕೊಳ್ತಾನೆ. ನನ್ನ ತಂಗಿಯ ಗಂಡ ಅಂತ ಬರಿ. ಜನ ಗಂಭೀರಪ್ಪ ಅಂತ ಕರೀತಿದ್ರು ಅಂತ ಬರಿ. ನಾನು ಹೇಳ್ತಾ ಹೋಗ್ತೀನಿ, ನೀನು ನೆಟ್ಟಗೆ ಮಾಡ್ಕೊಂಡು ಬರ್ಕೋ. ನನ್ನ ಬಾಯಿ ಎಲ್ಲೆಲ್ಲೋ ಹೋಗುತ್ತೆ, ನಿನ್ನ ಪೆನ್ನು ಅದರ ಹಿಂದೆ ಹೋಗೋದು ಬೇಡ.

ಗಂಭೀರಪ್ಪ ಮೊದಲು ಇದ್ದದ್ದು ಬಸ್ ನಿಲ್ದಾಣದಲ್ಲಿ. ಮಹಡಿಯ ಗಾಜಿನ ಗೂಡಿನೊಳಗೆ ಮೈಕಿನ ಮುಂದೆ ಕೂತು, ಯಾವ ಬಸ್ಸು ಎಷ್ಟನೇ ಪ್ಲಾಟ್‌ಫಾರಂಗೆ ಬರುತ್ತದೆ ಅಂತ ಹೇಳುವ ಕೆಲಸ. ದನಿ ಅಂದರೆ ದನಿ, ಕಂಚಿನ ತಟ್ಟೆಗೆ ಬೆರಳು ತಾಗಿಸಿದ ಹಾಗೆ. ಮುಖ ಮಾತ್ರ ದೇವರೇ ಕಾಪಾಡಬೇಕು. ನಗು ಆ ಮುಖದ ವಿಳಾಸ ಕೇಳಿಕೊಂಡು ಬಂದರೂ ಬಾಗಿಲು ತೆಗೆಯುವವರಿರಲಿಲ್ಲ. ಹೆಣ್ಣು ನೋಡಲು ಬಂದ ದಿನ ನಮ್ಮಮ್ಮ ನನ್ನ ಕಿವಿಯಲ್ಲಿ ಕೇಳಿದ್ದಳು, "ಹುಡುಗನಿಗೆ ಹಲ್ಲುನೋವೇನೇ?"

ಬುಗುರಿ ಅದೇ ನಿಲ್ದಾಣದ ಟಿಕೆಟ್ ಕಿಟಕಿಯಲ್ಲಿ ಕೂರುತ್ತಿದ್ದವನು. ಕುಳ್ಳಗೆ, ಗುಂಡಗೆ, ನಿಂತಲ್ಲಿ ನಿಲ್ಲದವನು, ಅದಕ್ಕೇ ಆ ಹೆಸರು. ನೌಕರರ ವಾರ್ಷಿಕ ಸಭೆಯಲ್ಲಿ ಗಂಭೀರಪ್ಪ ವರದಿ ಓದುತ್ತಿದ್ದ. "ಈ ವರ್ಷ ನಮ್ಮ ಬಸ್ಸುಗಳಿಗೆ ಹೊಸದಾಗಿ ಸೇರಿದ್ದು" ಅಂತ ಹೇಳಿ ಹಾಳೆ ತಿರುವಿ ಉಸಿರೆಳೆದುಕೊಂಡ. ಆ ಸಂದಿನಲ್ಲಿ ಹಿಂದಿನ ಸಾಲಿನಿಂದ ಬುಗುರಿ "ತಿಗಣೆ!" ಅಂದ. ಸಭೆ ಬಿದ್ದು ಬಿದ್ದು ನಕ್ಕಿತು. ಗಂಭೀರಪ್ಪ ನಗಲಿಲ್ಲ, ಸಿಟ್ಟೂ ಮಾಡಲಿಲ್ಲ. ನಗು ಇಳಿಯುವ ತನಕ ಕಾದು, ಅದೇ ದನಿಯಲ್ಲಿ, "ನಾಲ್ಕು ಸಾವಿರದ ಇನ್ನೂರು" ಅಂದ. ಅವನು ಹೇಳಿದ್ದು ಸೀಟಿನ ಲೆಕ್ಕ. ಮೇಜಿನ ಹಿಂದೆ ಕೂತ ಅಧಿಕಾರಿಗಳೂ ಹೊಟ್ಟೆ ಹಿಡಿದುಕೊಂಡರು. ಆವತ್ತಿನಿಂದ ಇಬ್ಬರೂ ಜೋಡಿ.

ಶಾಲೆ, ಕಾರ್ಖಾನೆ, ಬ್ಯಾಂಕಿನವರ ಕೂಟ, ಎಲ್ಲಿ ಕರೆದರೂ ಹೋದರು. ಬುಗುರಿ ಹೇಳಿದ್ದಕ್ಕೆ ಜನ ನಗುತ್ತಿದ್ದರು, ಪಕ್ಕದಲ್ಲಿ ಕಂಬದ ಹಾಗೆ ನಿಂತವನು ಏನು ಮಾಡುತ್ತಾನೆ ಅಂತ ಯಾರಿಗೂ ತಿಳಿಯುತ್ತಿರಲಿಲ್ಲ. ನಾನೇ ಒಮ್ಮೆ ಕೇಳಿಬಿಟ್ಟೆ, "ಅಲ್ಲಪ್ಪ, ನೀನಲ್ಲಿ ಸುಮ್ನೆ ನಿಂತಿರ್ತೀಯಲ್ಲ, ಅದಕ್ಕೂ ಶಾಲು ಹೊದಿಸ್ತಾರಾ?"

"ಅಕ್ಕಾ, ಅವನು ಜಿಗಿಯೋನು, ನಾನು ಹಲಗೆ ಹಿಡಿಯೋನು" ಅಂದ. "ಅವನು ಎಲ್ಲಿ ಜಿಗೀಬೇಕೋ ಅಲ್ಲಿ ನಾನು ಒಂದುಸಿರು ಜಾಗ ಬಿಡ್ಬೇಕು. ಹೆಚ್ಚು ಬಿಟ್ರೆ ಜನಕ್ಕೆ ಗೊತ್ತಾಗಿಹೋಗುತ್ತೆ. ಕಮ್ಮಿ ಬಿಟ್ರೆ ಅವನು ಮುಖ ಅಡಿಯಾಗಿ ಬೀಳ್ತಾನೆ."

ಹೀಗೆ ಹದಿನೆಂಟು ವರ್ಷ. ಆಮೇಲೆ ರೇಡಿಯೋದವರು ಇಬ್ಬರನ್ನೂ ಕರೆದು 'ಹನ್ನೆರಡು ಮೆಟ್ಟಿಲು' ಅನ್ನುವ ಆಟ ಶುರುಮಾಡಿದರು. ಪ್ರತಿ ಶನಿವಾರ ಸಂಜೆ ಆರಕ್ಕೆ, ಒಂದು ಹಾಲ್‌ನಲ್ಲಿ ಜನರನ್ನು ಕೂರಿಸಿಕೊಂಡು, ನೇರ ಪ್ರಸಾರ. ಹನ್ನೆರಡು ಪ್ರಶ್ನೆ, ಒಂದೊಂದಕ್ಕೆ ಮೂರು ಉತ್ತರ. ಮೂರನೇ ಮೆಟ್ಟಿಲಿಗೆ ಗೋಡೆ ಗಡಿಯಾರ, ಆರಕ್ಕೆ ಇಸ್ತ್ರಿಪೆಟ್ಟಿಗೆ, ಒಂಬತ್ತಕ್ಕೆ ಸೈಕಲ್ಲು, ಹನ್ನೆರಡು ಹತ್ತಿದರೆ ಫ್ರಿಜ್ಜು. ಆಟ ಆಡಿಸುವವನು ಬುಗುರಿ. ಪ್ರಶ್ನೆ ಓದುವುದು, ಮೂರು ಉತ್ತರ ಓದುವುದು, ಕೊನೆಗೆ 'ಸರಿ' ಅಥವಾ 'ತಪ್ಪು' ಅಂತ ಘೋಷಿಸುವುದು ಗಂಭೀರಪ್ಪ. ಸರಿಯುತ್ತರಕ್ಕೆ ಕೆಂಪು ಗುರುತು ಹಾಕಿದ ಹಾಳೆ ಅವನೊಬ್ಬನ ಕೈಗೇ ಬರುತ್ತಿತ್ತು. ಬುಗುರಿಯ ಬಾಯಲ್ಲಿ ಏನೂ ನಿಲ್ಲುವುದಿಲ್ಲ ಅಂತ ಅವನಿಗೆ ಕೊಡುತ್ತಿರಲಿಲ್ಲ.

ಮೊದಲ ಮೂರು ವರ್ಷದಲ್ಲಿ ಫ್ರಿಜ್ಜು ಗೆದ್ದವರು ಇಬ್ಬರೇ. ಒಬ್ಬರು ನಿವೃತ್ತ ಹೆಡ್‌ಮಾಸ್ಟರು, ಇನ್ನೊಬ್ಬ ಮೂರು ಪರೀಕ್ಷೆ ಪಾಸಾಗಿ ಕೆಲಸ ಸಿಗದೆ ಕೂತಿದ್ದ ಹುಡುಗ. ಅದು ಸರಿ, ಯಾರೂ ಏನೂ ಅನ್ನುವ ಹಾಗಿಲ್ಲ. ನಾಲ್ಕನೇ ವರ್ಷ ಏನಾಯಿತೋ, ಎಂಟು ವಾರದಲ್ಲಿ ಐದು ಫ್ರಿಜ್ಜು ಹೋದವು. ಗೆದ್ದವರು ಯಾರು? ಗುಂಡಿ ಹೊಲಿಯುವ ಹೆಂಗಸು, ಬಟ್ಟೆ ಕತ್ತರಿಸುವ ಗಂಡಸು, ಇಸ್ತ್ರಿ ಮಾಡುವವನು. ಯಾವ ದೊರೆ ಯಾವ ಯುದ್ಧ ಸೋತ ಅನ್ನುವುದಕ್ಕೂ, ಯಾವ ಗ್ರಹಕ್ಕೆ ಎಷ್ಟು ಚಂದ್ರ ಅನ್ನುವುದಕ್ಕೂ ಥಟ್ಟನೆ ಉತ್ತರ. ತಡವರಿಸುವುದು, ತಲೆ ಕೆರೆದುಕೊಳ್ಳುವುದು ಯಾವುದೂ ಇಲ್ಲ.

ರೇಡಿಯೋದ ಮ್ಯಾನೇಜರ ಹುಬ್ಬು ಗಂಟಿಕ್ಕಿತು. ಪ್ರಶ್ನೆ ತಯಾರಿಸುವ ಮೇಷ್ಟ್ರ ಕವರಿಗೆ ಅರಗಿನ ಮುದ್ರೆ ಬಂತು. ಆಟಗಾರರನ್ನು ಮಧ್ಯಾಹ್ನದಿಂದಲೇ ಒಂದು ಕೋಣೆಯಲ್ಲಿ ಕೂರಿಸಿ ಹೊರಗಿನಿಂದ ಚಿಲಕ ಹಾಕಿದರು. ಹಾಲ್‌ನಲ್ಲಿ ಕೆಮ್ಮಿದವರ ಹೆಸರನ್ನೆಲ್ಲ ಒಬ್ಬ ಬರೆದುಕೊಂಡ. ನೆಗಡಿಯಾದ ಒಬ್ಬ ಮುದುಕನನ್ನು ಹೊರಗೆ ಕಳಿಸಿದರು ಪಾಪ. ಕಸ ಗುಡಿಸುವವಳ ಬುಟ್ಟಿ ತಪಾಸಣೆ ಆಯಿತು. ಮೇಷ್ಟ್ರು ಮ್ಯಾನೇಜರನ್ನು ಅನುಮಾನಿಸಿದರು, ಮೈಕಿನವನು ಮೇಷ್ಟ್ರನ್ನು ಅನುಮಾನಿಸಿದ. ಟೀ ತರುವವನು ಕಪ್ಪು ಇಟ್ಟು ಬಾಗಿಲ ಹಿಂದೆ ನಿಂತರೆ ಒಳಗಿನವರ ಮಾತು ನಿಂತುಹೋಗುತ್ತಿತ್ತು. ಇಷ್ಟೆಲ್ಲ ಮಾಡಿದರೂ ಮುಂದಿನ ಶನಿವಾರ ಇನ್ನೊಬ್ಬ ದರ್ಜಿ ಹನ್ನೊಂದನೇ ಮೆಟ್ಟಿಲು ಹತ್ತಿ ನಿಂತ.

ನನ್ನ ತಂಗಿಗೆ ಇದು ಯಾವುದೂ ಗೊತ್ತಿರಲಿಲ್ಲ. ಗಂಡ ಮನೆಯಲ್ಲಿ ಮಾತು ಕಮ್ಮಿ, ಮೈಕಿಗೆ ಹೇಳಿ ಮಿಕ್ಕಿದ್ದು ಮಾತ್ರ ಹೆಂಡತಿಗೆ. ಅವಳು ಒಂದು ಕನ್ನಡಕದ ಅಂಗಡಿಯಲ್ಲಿ ಕೆಲಸಕ್ಕಿದ್ದಳು. ಗೋಡೆಯ ಮೇಲಿನ ಅಕ್ಷರ ಓದಿಸಿ, ಗಾಜು ಬದಲಾಯಿಸಿ, 'ಈಗ ಹೇಗೆ, ಈಗ ಹೇಗೆ' ಅಂತ ಕೇಳುವ ಕೆಲಸ. ಹಾಗಾಗಿ ಅವಳಿಗೆ ಎಲ್ಲವೂ ಕಣ್ಣಿನದೇ ಲೆಕ್ಕ. ಗಂಡ ಟೀಗೆ ಸಕ್ಕರೆ ಹಾಕದೆ ಕಲಕುತ್ತಾ ಕೂತದ್ದು ಕಂಡಿತು. ಅಂಗಿಯ ಗುಂಡಿ ಒಂದು ಮನೆ ತಪ್ಪಿದ್ದು ಕಂಡಿತು. ಸೋಮವಾರ ಕಚೇರಿಯಿಂದ ಬಂದವನು ಚಪ್ಪಲಿ ಬಿಚ್ಚದೆ ಅಡುಗೆಮನೆ ತನಕ ನಡೆದುಬಂದ.

"ಏನಾಯ್ತು ರೀ?"

"ಏನಾಗುತ್ತೆ? ಏನೂ ಇಲ್ಲ."

"ಏನೂ ಇಲ್ಲದೋರು ಚಪ್ಪಲಿ ಹಾಕ್ಕೊಂಡು ಒಲೆ ಹತ್ರ ಬರ್ತಾರಾ?"

ಅವನು ಚಪ್ಪಲಿ ನೋಡಿಕೊಂಡ, ಹಿಂದಕ್ಕೆ ಹೋಗಿ ಬಿಚ್ಚಿ ಬಂದ. ತಂಗಿಯ ತಲೆಗೆ ಹುಳ ಹೊಕ್ಕಿತು. ಮದುವೆಯಾದ ಮೇಲೆ ಮೊದಲ ಸಲ ಗಂಡನ ಅಂಗಿಯ ಜೇಬಿಗೆ ಕೈ ಹಾಕಿದಳು. ಅವಳೇ ನನಗೆ ಹೇಳಿದ್ದು, ಕದಿಯುವವಳ ಹಾಗೆ ಎರಡು ಸಲ ಬಾಗಿಲ ಕಡೆ ನೋಡಿದಳಂತೆ. ಸಿಕ್ಕಿದ್ದು ಮ್ಯಾನೇಜರು ಸಹಿ ಮಾಡಿದ ಟೈಪು ಹೊಡೆದ ಪತ್ರ. "ತಾವು ಕೊಟ್ಟ ಮಾಹಿತಿಯ ಮೇರೆಗೆ ತಮ್ಮ ಜೊತೆಗಾರರನ್ನು ಬರುವ ಶನಿವಾರದಿಂದ ಕೆಲಸದಿಂದ ತೆಗೆಯಲಾಗುವುದು. ವಿಷಯ ಗುಟ್ಟಾಗಿರಲಿ."

ಮಾಹಿತಿ ಅಂದರೆ ಏನು ಅಂತ ಕೇಳಿದಳು. ಜೇಬಿಗೆ ಕೈ ಹಾಕಿದ್ದಕ್ಕೆ ಅವನು ಮೊದಲು ರೇಗಿದ, ಆಮೇಲೆ ಕುರ್ಚಿಗೆ ಕುಸಿದು ಹೇಳಿದ. ಮ್ಯಾನೇಜರು ಬಾಗಿಲು ಹಾಕಿಕೊಂಡು, 'ಹಾಳೆ ಇರೋದು ನಿಮ್ಮೊಬ್ಬರ ಹತ್ರ, ಉತ್ತರ ಹೊರಗೆ ಹೋಗ್ತಿದೆ, ನೀವೇ ಹೇಳಿ ನಾನು ಯಾರನ್ನ ಹಿಡೀಲಿ' ಅಂದರಂತೆ. ಆಗ ಇವನು, ಬಣ್ಣದ ಕೋಣೆಯಲ್ಲಿ ತಾನು ಹಾಳೆ ಓದುವಾಗ ಬುಗುರಿ ಕನ್ನಡಿ ಮುಂದೆ ಕೂತು ತಲೆ ಬಾಚಿಕೊಳ್ಳುತ್ತಾನೆ, ಕನ್ನಡಿಯಲ್ಲಿ ಹಾಳೆ ಕಾಣಬಹುದು, ಆಮೇಲೆ ಅವನು ಆಟಗಾರರ ಕೋಣೆ ಬಾಗಿಲಲ್ಲಿ ನಿಂತು ಹರಟುತ್ತಾನೆ ಅಂತ ಹೇಳಿ ಬಂದಿದ್ದ.

"ಬುಗುರಿ ಹಾಗೆ ಮಾಡ್ತಾನಾ ರೀ?"

"ಯಾರ ಹೊಟ್ಟೇಲಿ ಏನಿದೆಯೋ ಯಾರಿಗೆ ಗೊತ್ತು?"

"ಕನ್ನಡೀಲಿ ಅಕ್ಷರ ತಿರುಗುಮುರುಗಾಗಿ ಕಾಣುತ್ತೆ. ನಾನು ದಿನಾ ನೋಡ್ತೀನಿ."

"ಗುರುತು ಕಂಡ್ರೆ ಸಾಕಲ್ಲ. ಒಂದಾ, ಎರಡಾ, ಮೂರಾ ಅಂತ ತಾನೇ ಬೇಕಾಗಿರೋದು" ಅಂದ ಗಂಭೀರಪ್ಪ. ಇದನ್ನೆಲ್ಲ ಮೊದಲೇ ಯೋಚಿಸಿಟ್ಟಿದ್ದಾನೆ ಅಂತ ತಂಗಿಗೆ ಅನಿಸಿತು, ಅದು ಅವಳಿಗೆ ಹಿಡಿಸಲಿಲ್ಲ.

ಬುಗುರಿ ಅವಳನ್ನು ಅತ್ತಿಗೆ ಅಂತ ಕರೆಯುವವನು. ಅವಳಿಗೆ ಕಾಲು ಮುರಿದಾಗ ಆಸ್ಪತ್ರೆಯಲ್ಲಿ ದಿನಾ ಬಂದು, ನರ್ಸಮ್ಮನ ನಡಿಗೆ ಅಣಕಿಸಿ, 'ನಗಿಸಬೇಡಿ, ಪ್ಲಾಸ್ಟರು ಬಿರುಕು ಬಿಡುತ್ತೆ' ಅಂತ ಡಾಕ್ಟರಿಂದ ಬೈಸಿಕೊಂಡವನು. ಅಂಥವನು ಕಳ್ಳನೋ, ಅಲ್ಲವೋ? ಎರಡು ದಿನ ಅವಳು ಅಂಗಡಿಯಲ್ಲಿ ಬಂದವರಿಗೆಲ್ಲ ತಪ್ಪು ಗಾಜು ಹಾಕಿದಳು.

ಬುಧವಾರ ಒಬ್ಬ ಹೆಂಗಸು ಅಂಗಡಿಗೆ ಬಂದಳು. ಮೂವತ್ತೈದರ ಆಸುಪಾಸು, ಕುತ್ತಿಗೆಗೆ ಅಳತೆ ಟೇಪು ತೂಗುಹಾಕಿಕೊಂಡೇ ಬಂದಿದ್ದಳು. ಅಂಗಿಗಳಿಗೆ ಕಾಜ ಹಾಕುವ ಕೆಲಸ, ಅಂದರೆ ಗುಂಡಿ ತೂರುವ ತೂತಿನ ಸುತ್ತ ಹೊಲಿಯುವುದು, ದಿನವಿಡೀ ಸೂಜಿ ನೋಡಿ ನೋಡಿ ಕಣ್ಣು ಸೋತಿವೆ ಅಂದಳು. ಅಂಗಡಿಯ ಯಜಮಾನರು, "ಗಂಭೀರಪ್ಪನೋರ ಮನೆಯೋರೇ ನಿಮಗೆ ಟೆಸ್ಟ್ ಮಾಡ್ತಾರೆ, ಹೋಗಿ" ಅಂದದ್ದೇ ತಡ, ಆ ಹೆಂಗಸು ಓಡಿಬಂದು ತಂಗಿಯ ಎರಡೂ ಕೈ ಹಿಡಿದುಕೊಂಡಳು.

"ಅಕ್ಕಾ, ನಿಮ್ಮ ಯಜಮಾನ್ರು ದೇವರಂಥೋರು. ಅವರ ಉಪಕಾರ ನಾನು ಸಾಯೋ ತನಕ ಮರೆಯಲ್ಲ. ನಮ್ಮ ಮನೇಲಿ ಈಗ ಫ್ರಿಜ್ಜಿದೆ!"

ತಂಗಿ ಕೈ ಬಿಡಿಸಿಕೊಂಡಳು. ಉಪಕಾರ ಅಂತೆ! ಗಂಡ ಈ ಕಾಜದಾಕೆಗೆ ಯಾವ ಉಪಕಾರ ಮಾಡಿದ, ಯಾಕೆ ಮಾಡಿದ, ಎಷ್ಟು ದಿನದಿಂದ ಮಾಡುತ್ತಿದ್ದಾನೆ? ನೋಡಲು ಬೇರೆ ಲಕ್ಷಣವಾಗಿದ್ದಳಂತೆ. ಸೀದಾ ಕಣ್ಣು ಪರೀಕ್ಷೆ ಮಾಡುವ ಕತ್ತಲೆ ಕೋಣೆಗೆ ಕರೆದುಕೊಂಡು ಹೋಗಿ, ಪರದೆ ಎಳೆದು, ಮೂಗಿನ ಮೇಲೆ ಗಾಜು ಬದಲಾಯಿಸಿ ನೋಡುವ ಆ ಭಾರದ ಚೌಕಟ್ಟು ಕೂರಿಸಿಬಿಟ್ಟಳು. ಅದು ಹಾಕಿಕೊಂಡವರು ಎದ್ದು ಹೋಗುವ ಹಾಗಿಲ್ಲ.

"ಏನು ಉಪಕಾರ ಮಾಡಿದ್ರು ನಮ್ಮೋರು?"

"ಅಯ್ಯೋ, ನಿಮಗೆ ಗೊತ್ತಿಲ್ವಾ? ಅವರೇ ಉತ್ತರ ಹೇಳ್ತಾರಲ್ಲ ಅಕ್ಕಾ!"

"ಎಲ್ಲಿ ಹೇಳಿದ್ರು? ನಿಮ್ಮನೆಗೆ ಬಂದಿದ್ರಾ?"

"ಮನೆಗಾ? ಇಲ್ಲಪ್ಪ, ರೇಡಿಯೋದಲ್ಲಿ! ಎಲ್ಲರಿಗೂ ಹೇಳ್ತಾರೆ, ಕೇಳಿಸ್ಕೊಳ್ಳೋರು ಯಾರೂ ಇಲ್ಲ. ನಮ್ಮ ಅಂಗಡೀಲಿ ಕೈ ಆಡ್ತಿರುತ್ತೆ, ಕಿವಿ ಖಾಲಿ. ಮೂರು ಉತ್ತರ ಓದ್ತಾರೆ ನೋಡಿ, ಒಂದು, ಎರಡು, ಮೂರು ಅಂತ ಸಮನಾಗಿ ಹೊಲಿಗೆ ಹಾಕ್ದಂಗೆ ಓದ್ತಾರೆ. ಆದ್ರೆ ಸರಿಯಾದ್ದು ಬಂತು ಅಂದ್ರೆ, ಅದಕ್ಕೆ ಮುಂಚೆ ಒಂದೇ ಒಂದು ಹೊಲಿಗೆ ಬಿಡ್ತಾರೆ. ಸಣ್ಣ ಜಾಗ. ನಾನು ಎರಡು ತಿಂಗಳು ಕೇಳ್ದೆ, ಒಂದು ಸಲಾನೂ ತಪ್ಪಿಲ್ಲ. ಬಡವರು ಗೆಲ್ಲಲಿ ಅಂತ ಮಾಡ್ತಾರೆ ಅಂದ್ಕೊಂಡು ಅಂಗಡಿಯೋರಿಗೆಲ್ಲ ಹೇಳ್ದೆ. ತಪ್ಪಾಯ್ತಾ ಅಕ್ಕಾ?"

ತಂಗಿ ಚೌಕಟ್ಟು ತೆಗೆದು, ಗಾಜಿನ ನಂಬರು ಬರೆದುಕೊಟ್ಟಳು. ಆಮೇಲೆ ಅಂಗಡಿಯಿಂದ ಮನೆಗೆ ಹೋಗುವ ದಾರಿಯುದ್ದಕ್ಕೂ ಎರಡು ಅನುಮಾನ ಅವಳ ಜೊತೆಗೆ ನಡೆದುಬಂದವು. ಒಂದು, ಈ ಕಾಜದಾಕೆ ಕಥೆ ಕಟ್ಟುತ್ತಿದ್ದಾಳೆ. ಎರಡು, ಹೇಳಿದ್ದು ನಿಜ, ಆದರೆ ಗಂಡ ಬೇಕೆಂದೇ ಮಾಡುತ್ತಿದ್ದಾನೆ, ಈ ಹೆಂಗಸಿಗಾಗಿ.

ಮನೆಗೆ ಬಂದವಳೇ ಅಂಗಡಿಯ ಚೀಟಿಗಳ ಹಿಂದೆ ಪೆನ್ಸಿಲಿನಲ್ಲಿ ಬರೆಯಲು ಕೂತಳು. ಗಂಡ ಬಂದ ಕೂಡಲೇ ಕುರ್ಚಿ ಎಳೆದು ಕೂರಿಸಿ, "ಇದನ್ನ ರೇಡಿಯೋದಲ್ಲಿ ಓದೋ ಹಾಗೆ ಓದಿ" ಅಂದಳು.

"ನಿನಗೇನಾಗಿದೆಯೇ? ಮೊದಲು ಟೀ ಕೊಡು."

"ಓದಿದ್ರೆ ಟೀ."

ಅವನು ಗಂಟಲು ಸರಿಮಾಡಿಕೊಂಡು ಮೊದಲ ಚೀಟಿ ಓದಿದ. "ಈ ಮನೆಯ ಪೊರಕೆ ಮುರಿದವರು ಯಾರು? ಒಂದು, ಪಕ್ಕದ ಮನೆಯವರು. ಎರಡು, ಬೆಕ್ಕು. ಮೂರು, ನೀವು." ಓದಿ, "ಇದೇನೇ ಇದು?" ಅಂದ. ತಂಗಿ ಕಣ್ಣು ಮುಚ್ಚಿ ಕೂತಿದ್ದಳು. ಅಷ್ಟು ವರ್ಷ ಆ ದನಿಯ ಜೊತೆ ಬದುಕಿದವಳು ಮೊದಲ ಸಲ ಕಣ್ಣಿನ ಬದಲು ಕಿವಿಯಿಂದ ನೋಡಿದಳು. ಇತ್ತು. 'ನೀವು' ಅನ್ನುವುದಕ್ಕೆ ಮುಂಚೆ, ಸೊಳ್ಳೆ ರೆಕ್ಕೆಯಷ್ಟು ಜಾಗ ಇತ್ತು.

ಹತ್ತು ಚೀಟಿ ಓದಿಸಿದಳು. ಹತ್ತಕ್ಕೆ ಹತ್ತೂ ಸಿಕ್ಕವು. ಹನ್ನೊಂದನೇ ಚೀಟಿಯನ್ನು ಒಂದು ಸಲ ಹಿಂದಕ್ಕೆಳೆದುಕೊಂಡು ಆಮೇಲೆ ಕೊಟ್ಟಳು.

"ಕಾಜ ಹಾಕುವಾಕೆಯನ್ನು ನೀವು ಮೊದಲೇ ಬಲ್ಲಿರಾ?" ಅಂತ ಓದಿದ ಗಂಭೀರಪ್ಪ. "ಒಂದು, ಚೆನ್ನಾಗಿ ಬಲ್ಲೆ. ಎರಡು, ಸ್ವಲ್ಪ ಬಲ್ಲೆ. ಮೂರು, ಗೊತ್ತೇ ಇಲ್ಲ."

ಜಾಗ ಬಿದ್ದದ್ದು ಮೂರನೆಯದಕ್ಕೆ ಮುಂಚೆ. ತಂಗಿಯ ಎದೆಯ ಮೇಲಿಂದ ಒಂದು ಮೂಟೆ ಇಳಿಯಿತು.

"ಯಾರೇ ಅದು ಕಾಜ ಹಾಕೋಳು?"

"ಅದಿರಲಿ, ಕೊನೇದು ಓದಿ."

ಕೊನೆಯ ಚೀಟಿಯನ್ನು ಅವನು ದನಿ ಎತ್ತಿಯೇ ಶುರುಮಾಡಿದ. "ಬುಗುರಿಯ ಮೇಲೆ ಹೇಳಿದ್ದು ಯಾಕೆ? ಒಂದು, ಕಣ್ಣಾರೆ ಕಂಡಿದ್ದರಿಂದ. ಎರಡು, ಅನುಮಾನ ಬಂದದ್ದರಿಂದ. ಮೂರು..." ಅಂದವನು ನಿಂತೇಬಿಟ್ಟ. ಚೀಟಿಯಲ್ಲಿ ಮೂರನೆಯದು 'ನನ್ನ ಕೆಲಸ ಹೋಗುತ್ತದೆಂಬ ಹೆದರಿಕೆಯಿಂದ' ಅಂತ ಇತ್ತು. ಅವನು ಅದನ್ನು ಓದಲಿಲ್ಲ. ಚೀಟಿ ಮಡಚಿ ಮೇಜಿನ ಮೇಲಿಟ್ಟ.

ಆಗ ತಂಗಿ ಎಲ್ಲವನ್ನೂ ಹೇಳಿದಳು. ಅವನು ನಂಬಲಿಲ್ಲ. ತಾನೇ ತನಗೆ ಓದಿಕೊಂಡ, ಎದ್ದು ನಿಂತು ಓದಿದ, ಬೇಗ ಬೇಗ ಓದಿದ. ಪ್ರತಿ ಸಲ ಅವಳು 'ಇಲ್ಲಿ' ಅಂತ ಬೆರಳೆತ್ತಿದಳು. ಹದಿನೆಂಟು ವರ್ಷ ಬುಗುರಿಗೆ ಜಾಗ ಬಿಟ್ಟು ಬಿಟ್ಟು, ಮುಖ್ಯವಾದ ಮಾತು ಬಂತು ಅಂದರೆ ಸಾಕು, ಯಾರೂ ಜಿಗಿಯದಿದ್ದರೂ ಅವನ ನಾಲಿಗೆ ಪಕ್ಕಕ್ಕೆ ಸರಿದು ನಿಲ್ಲುತ್ತಿತ್ತು. ಉತ್ತರ ಗೊತ್ತಿದ್ದರೆ ಸಾಕು, ಜಾಗ ತಾನಾಗಿ ಬೀಳುತ್ತಿತ್ತು.

"ಹೇಳಿದ್ರೆ ನನ್ನ ಕೆಲಸ ಹೋಗುತ್ತೆ" ಅಂದ ಕೊನೆಗೆ. "ಬೇಕಂತ ಮಾಡ್ಲಿಲ್ಲ ಅಂದ್ರೆ ಯಾರು ನಂಬ್ತಾರೆ? ನಾನೇ ನಂಬ್ತಿರ್ಲಿಲ್ಲ."

"ಹೇಳದಿದ್ರೆ ಅವನ ಕೆಲಸ ಹೋಗುತ್ತೆ. ಕಳ್ಳ ಅಂತ ಹೆಸರೂ ಹಚ್ತಾರೆ."

"ನೀನು ನಂಬ್ತೀಯಾ ನನ್ನನ್ನ?"

"ಒಂದು, ನಂಬ್ತೀನಿ. ಎರಡು, ನಂಬಲ್ಲ. ಮೂರು, ಶನಿವಾರದ ತನಕ ನೋಡ್ತೀನಿ" ಅಂದಳು ತಂಗಿ. ಯಾವುದಕ್ಕೆ ಮುಂಚೆಯೂ ಜಾಗ ಬಿಡಲಿಲ್ಲವಂತೆ. ಅವಳು ನನ್ನ ತಂಗಿ, ತಿಳೀತಾ? ಅದನ್ನ ಹಾಗೇ ಬರ್ಕೋ.

ಗುರುವಾರ, ಶುಕ್ರವಾರ ಅವನು ಎರಡು ಸಲ ಚಪ್ಪಲಿ ಮೆಟ್ಟಿ ಬಾಗಿಲ ತನಕ ಹೋಗಿ ವಾಪಸು ಬಂದ. ತಂಗಿ ನೋಡುತ್ತಲೇ ಇದ್ದಳು. ಶನಿವಾರ ಮಧ್ಯಾಹ್ನ ಅವನೇ, "ನೀನೂ ಬಾ. ನನ್ನ ಬಾಯಿಂದ ಪೂರ್ತಿ ಬರದಿದ್ರೆ ನೀನು ಹೇಳು" ಅಂದ.

ಮ್ಯಾನೇಜರ ಕೋಣೆಯಲ್ಲಿ ಬುಗುರಿ ಇದ್ದ. ತನ್ನ ಪೌಡರ್ ಡಬ್ಬಿ, ಬಾಚಣಿಗೆ, ಒಂದು ಜೊತೆ ಬಣ್ಣದ ಕಾಲುಚೀಲ, ಎಲ್ಲವನ್ನೂ ಒಂದು ಚೀಲಕ್ಕೆ ತುಂಬಿಕೊಂಡು ಸಹಿ ಹಾಕಲು ಬಂದಿದ್ದ. ಯಾಕೆ ತೆಗೆದರು ಅಂತ ಅವನಿಗೆ ಹೇಳಿದ್ದರು, ಯಾರು ಹೇಳಿದ್ದು ಅಂತ ಹೇಳಿರಲಿಲ್ಲ.

"ಬಾ ಗುರುವೇ" ಅಂದ. "ಅತ್ತಿಗೇನೂ ಬಂದಿದ್ದಾರೆ! ನೋಡಿ ಅತ್ತಿಗೆ, ನಾನು ಕಳ್ಳನಂತೆ. ಇಷ್ಟು ದಪ್ಪ ಇರೋನು ಓಡೋದು ಹೇಗೆ ಅಂತ ಒಬ್ರೂ ಯೋಚಿಸಿಲ್ಲ."

ಗಂಭೀರಪ್ಪ ಅವನ ಕಡೆ ನೋಡದೆ, ಬಸ್ಸಿನ ಹೊತ್ತು ಹೇಳುವ ದನಿಯಲ್ಲಿ ಎಲ್ಲವನ್ನೂ ಹೇಳಿದ. ಉತ್ತರ ಹೊರಗೆ ಹೋದದ್ದು ತನ್ನ ಬಾಯಿಂದ. ಕನ್ನಡಿಯ ಮಾತು ಹೇಳಿದ್ದು ತಾನು. ಅದು ಸುಳ್ಳು.

ಮ್ಯಾನೇಜರು ಎದ್ದು ಬಾಗಿಲು ಹಾಕಿದರು. "ನಾಟಕ ಆಡೋರಿಬ್ಬರೂ ಸೇರ್ಕೊಂಡು ನನಗೇ ನಾಟಕ ತೋರಿಸ್ತಿದ್ದೀರಾ?" ಅಂದರು. ಗಂಭೀರಪ್ಪನನ್ನು ಗೋಡೆಗೆ ಮುಖ ಮಾಡಿಸಿ ನಿಲ್ಲಿಸಿ ತಮ್ಮದೇ ಪ್ರಶ್ನೆ ಬರೆದು ಕೊಟ್ಟರು. ಗುರುತು ಹಾಕಿದ್ದು ಹತ್ತು, ಹಾಕದ್ದು ಹತ್ತು. ಗುರುತು ಹಾಕಿದ್ದನ್ನು ಅವನು ಓದಿದಾಗ ತಂಗಿ ಹತ್ತಕ್ಕೆ ಹತ್ತೂ ಹೇಳಿದಳು. ಎಂಟನೆಯದಕ್ಕೆ ಮ್ಯಾನೇಜರೂ ಹೇಳತೊಡಗಿದರು. ಉತ್ತರ ಗೊತ್ತಿಲ್ಲದ ಹತ್ತರಲ್ಲಿ ಜಾಗವೇ ಇಲ್ಲ, ನಲ್ಲಿ ನೀರು ಬಿಟ್ಟ ಹಾಗೆ ಹರಿದುಹೋಯಿತು.

"ಸರಿ, ಹೀಗೇ ಆಗಿದೆ ಅಂತ ಒಪ್ಕೊಂಡೆ" ಅಂದರು ಮ್ಯಾನೇಜರು. "ಆದ್ರೆ ಬೇಕಂತ ಮಾಡಿಲ್ಲ ಅನ್ನೋದಕ್ಕೆ ಏನು ಗ್ಯಾರಂಟಿ? ಆ ದರ್ಜಿ ಅಂಗಡಿಯೋರು ನಿಮಗೆ ಏನಾಗಬೇಕು?"

ತಂಗಿ ಬಾಯಿ ತೆರೆದಳು, ಅಷ್ಟರಲ್ಲಿ ಬುಗುರಿ ಚೀಲವನ್ನು ಮೇಜಿನ ಮೇಲಿಟ್ಟ. ಅವನ ಮುಖದಲ್ಲಿ ತಮಾಷೆ ಇರಲಿಲ್ಲ. ಅಂಥ ಮುಖ ಅವಳು ಮೊದಲು ನೋಡಿರಲಿಲ್ಲವಂತೆ.

"ಸಾರ್, ಗ್ಯಾರಂಟಿ ನಾನು ಕೊಡ್ತೀನಿ. ಆ ಜಾಗ ನನ್ನದು. ಹದಿನೆಂಟು ವರ್ಷ ನಾನು ಅದರ ಮೇಲೆ ಕಾಲಿಟ್ಟೇ ಹಾರಿದ್ದೀನಿ. ಅವನಿಗೆ ಜ್ವರ ಬಂದಾಗಲೂ ಬಿಡ್ತಿದ್ದ, ಅಪ್ಪ ಸತ್ತ ಮಾರನೇ ದಿನಾನೂ ಬಿಡ್ತಿದ್ದ. ಅವನಿಗೇ ಗೊತ್ತಿಲ್ಲ ಅದು. ಬೇಕಂತ ಮಾಡಿದ್ದಲ್ಲ." ಆಮೇಲೆ ಗಂಭೀರಪ್ಪನ ಕಡೆ ತಿರುಗಿದ. "ಕನ್ನಡಿ ಮಾತು ಹೇಳಿದ್ದು ಮಾತ್ರ ಬೇಕಂತಲೇ ಮಾಡಿದ್ದು. ಅಲ್ವಾ ಗುರುವೇ?"

ಗಂಭೀರಪ್ಪ "ಹೌದು" ಅಂದ. ಅಷ್ಟೇ ಅಂದ.

ಕೆಲಸ ಇಬ್ಬರದೂ ಉಳಿಯಿತು. ಅವತ್ತಿನಿಂದ ಗುರುತಿನ ಹಾಳೆ ಮೇಷ್ಟ್ರ ಹತ್ತಿರವೇ ಇತ್ತು. ಅವರು ಪಕ್ಕದಲ್ಲಿ ಕೂತು ತಲೆಯಾಡಿಸಿದ ಮೇಲೆ ಗಂಭೀರಪ್ಪ ಸರಿ, ತಪ್ಪು ಅನ್ನುತ್ತಿದ್ದ. ಫ್ರಿಜ್ಜುಗಳು ಗೋದಾಮಿನಲ್ಲೇ ಉಳಿದವು. ಆದರೂ ಮ್ಯಾನೇಜರು ನಿವೃತ್ತರಾಗುವ ತನಕ ಅವನನ್ನು ಓರೆಗಣ್ಣಿನಿಂದಲೇ ನೋಡಿದರು, ಅವನು ಕೆಮ್ಮಿದರೂ ಬರೆದುಕೊಂಡರು.

ಬುಗುರಿ ಮೈಕಿನ ಮುಂದೆ 'ಗುರುವೇ, ಗುರುವೇ' ಅಂತ ಜನರನ್ನು ಉರುಳಾಡಿಸಿದ. ಪ್ರಸಾರದ ಕೆಂಪು ದೀಪ ಆರಿತು ಅಂದರೆ ಎದ್ದು ಹೋಗುತ್ತಿದ್ದ. ನಾಲ್ಕು ವರ್ಷ ಹಾಗೇ ನಡೆಯಿತು. ಪಕ್ಕಪಕ್ಕದಲ್ಲಿ ಕೂತು, ಒಂದೇ ಹೂಜಿಯ ನೀರು ಕುಡಿದು, ಪ್ರಸಾರದ ಹೊರಗೆ ಒಂದಕ್ಷರ ಮಾತಿಲ್ಲ. ಗಂಭೀರಪ್ಪ ಎಷ್ಟೋ ಸಲ ಕ್ಷಮೆ ಕೇಳಬೇಕೆಂದು ಹತ್ತಿರ ಹೋದನಂತೆ, ಇವನು ಬಾಯಿ ತೆರೆಯುವುದರೊಳಗೆ ಅವನು ಕಾಲುಚೀಲ ಏರಿಸಿಕೊಂಡು ಬಾಗಿಲು ದಾಟಿರುತ್ತಿದ್ದ. ಮನೆಗೆ ಹೋದರೆ 'ಇಲ್ಲ' ಅನ್ನಿಸಿದ. ಆಟ ನಿಂತಿತು, ಆಮೇಲೆ ಟೀವಿ ಬಂತು, ಇಬ್ಬರೂ ಮುದುಕರಾದರು.

ಇಷ್ಟು ಸಾಕು, ಪೆನ್ನು ಕೆಳಗಿಡು. ಉಳಿದದ್ದು ಬರೆಯೋದಕ್ಕಲ್ಲ. ಗಂಭೀರಪ್ಪನಿಗೆ ಗಂಟಲಲ್ಲಿ ಗಡ್ಡೆ. ಬರೋ ಗುರುವಾರ ಬೆಳಿಗ್ಗೆ ಕೊಯ್ತಾರಂತೆ, ದನಿ ಉಳಿಯಲ್ಲ ಅಂತ ಡಾಕ್ಟರು ಹೇಳಿಬಿಟ್ಟಿದ್ದಾರೆ. ಆ ಕ್ಷಮೆಯ ಮಾತು ಹೇಳ್ಬೇಕಾದ್ರೆ ಅವನು ಗುರುವಾರದೊಳಗೆ ಹೇಳ್ಬೇಕು, ಬುಗುರಿ ಕೇಳಿಸ್ಕೊಳ್ಳೋದಕ್ಕೆ ಬರ್ಬೇಕು.

ಬುಗುರಿ ದಿನಾ ಈ ಹೊತ್ತಿಗೆ ಅಂಚೆ ಕಚೇರಿ ಎದುರಿನ ಕಲ್ಲುಬೆಂಚಿನ ಮೇಲೆ ಕೂತು ಪೇಪರ್ ಓದ್ತಾನೆ, ಈಗ ಕೋಲು ಹಿಡ್ಕೊಂಡಿರ್ತಾನೆ, ನೋಡಿದ್ರೆ ಗೊತ್ತಾಗುತ್ತೆ. ನೀನು ಹೋಗಿ, ಗಂಭೀರಪ್ಪನ ಆಪರೇಷನ್ನು ಗುರುವಾರ ಬೆಳಿಗ್ಗೆ ಅಂತ ಹೇಳು, ಆಸ್ಪತ್ರೆ ಹೇಳು, ವಾರ್ಡಿನ ನಂಬರು ಈ ಚೀಟೀಲಿದೆ. ಅವನು ನಿನ್ನನ್ನ ಮೇಲಿಂದ ಕೆಳಗೆ ನೋಡ್ತಾನೆ, ಯಾರು ಕಳಿಸಿದ್ದು ಅಂತ ಎರಡು ಸಲ ಕೇಳ್ತಾನೆ. ತಂಗಿ ಹೆಸರು ಹೇಳಬೇಡ, ಅವಳು ಕಳಿಸಿಲ್ಲ. ಗಂಭೀರಪ್ಪ ಕರೆದ ಅಂತಾನೂ ಹೇಳಬೇಡ, ಸುಳ್ಳು ಅಂತ ಅವನಿಗೆ ತಕ್ಷಣ ಗೊತ್ತಾಗುತ್ತೆ. ನಾನು ಕಳಿಸಿದೆ ಅನ್ನು. ಏನೂ ಮಾತಾಡದಿದ್ರೆ ಕಾಯಬೇಡ, ಚೀಟಿ ಕೈಗೆ ಕೊಟ್ಟು ಬಂದ್ಬಿಡು. ಛತ್ರಿ ತಗೊಂಡು ಹೋಗು, ಬರೋವಾಗ ಒಂದು ಬ್ರೆಡ್ಡು ತಾ.